ಚಕ್ಕುಬಂದಿ

ಬೇವಿನ ನೆರಳು ಹನ್ನೊಂದಕ್ಕೆ ನನ್ನ ಮಿಷನ್ನಿನ ಮೇಲೆ,
ಮೂರಕ್ಕೆ ಝೆರಾಕ್ಸ್ ಅಂಗಡಿಯ ಮೆಟ್ಟಿಲ ಮೇಲೆ.
ಸಿಂಧನೂರು ಕೋರ್ಟಿನ ಗೋಡೆಗೆ ಬೆನ್ನು ಕೊಟ್ಟು
ನಾನು ಮಾತ್ರ ಇಪ್ಪತ್ತಾರು ವರ್ಷ ಅಲ್ಲೇ.
ಅರ್ಕಾವತ್ತಿನ ಕೀಲಿ ಸವೆದುಹೋಗಿದೆ;
ಅರ್ಜಿ, ಸರ್ವೆ, ವರ್ಷ, ಮರ್ಜಿ,
ಎಲ್ಲಕ್ಕೂ ಕೊನೆಗೆ ಬಾಲ್‌ಪೆನ್ನಿನಿಂದ
ಒಂದೊಂದು ಕೊಂಡಿ ಹಾಕುತ್ತೇನೆ.

ಹುಸೇನಮ್ಮ ಬಂದದ್ದು ಏಳು ವರ್ಷದ ಹಿಂದೆ,
ಸೆರಗಿನ ಗಂಟಿನಲ್ಲಿ ಖಾಸ್ರಾ ಪಹಣಿಯ ನಕಲು,
ಮಡಿಕೆ ಮಡಿಕೆಯಲ್ಲೂ ಹರಿದು ನಾಲ್ಕು ತುಂಡು.
'ಬರಿ ಲಾಲಸಾಬಣ್ಣ. ಹೊಲ ನಂದು.
ನಮ್ಮವ್ವ ಅರಿಷಿಣಕ್ಕಂತ ಕೊಟ್ಟದ್ದು.
ಮೂಡಲಕ ಬಂಡಿದಾರಿ, ಪಡುವಲಕ ಹಳ್ಳ,
ಬಡಗಲಕ ಮೌಲಪ್ಪನ ತೊಗರಿ,
ತೆಂಕಲಕ ನಾ ನೆಟ್ಟ ಬನ್ನಿ.'

ವಕೀಲ ಗಣಾಚಾರಿಯವರು ಒಳಗಿಂದ ಕೂಗಿದರು:
'ಬರೇ ತಡೆಯಾಜ್ಞೆ ಸಾಕೋ, ಸ್ಟಾಂಪಿನ ಖರ್ಚು ಕಮ್ಮಿ.
ಹೊಲದಾಗ ಕಾಲಿಡಬಾರದು ಅಂತ ಹಾಕು.'
ಹಾಕಿದೆ.
ಅವತ್ತು ಸೋಮವಾರ, ಕಾರ್ಬನ್ನು ಹಳೆಯದು, ಒಂಬತ್ತನೇ ದಾವೆ;
ಪೂರ್ವಕ್ಕೆ ಹಳ್ಳ ಬಿತ್ತು, ಪಶ್ಚಿಮಕ್ಕೆ ಬಂಡಿದಾರಿ.
ನಾಲ್ಕು ಪ್ರತಿಯಲ್ಲೂ ಬಿತ್ತು.
ಆಕೆ ಹೆಬ್ಬೆಟ್ಟು ಒತ್ತಿದಳು, ನೀಲಿ.

ಬಾಂದುಕಲ್ಲು ಸರಿಸಲು ಎದುರುಗಾರ ಬಸ್ಲಿಂಗಪ್ಪನಿಗೆ
ಒಂದು ಅಮಾಸಿ ರಾತ್ರಿ, ಎರಡು ಹಾರೆ ಸಾಕಾಯಿತು.
ಹಳ್ಳವಂತೂ ಮೂರು ಮಳೆಗಾಲಕ್ಕೊಮ್ಮೆ
ಯಾರ ಅಪ್ಪಣೆಯೂ ಇಲ್ಲದೆ ಮಗ್ಗುಲು ಬದಲಿಸುತ್ತದೆ.
ಕಾಗದದ ಮೇಲಿನ ಹಳ್ಳ ಸರಿಯಬೇಕಾದರೆ
ಅರ್ಜಿ ಬೇಕು, ಪ್ರಮಾಣಪತ್ರ ಬೇಕು,
ಎದುರಿನವರ ತಕರಾರು ಬೇಕು.

ಪಾಟೀಸವಾಲಿನ ದಿನ.
'ಏನಮ್ಮಾ, ನಿಮ್ಮೂರಾಗ ಹೊತ್ತು ಯಾವ ಕಡೆ ಹುಟ್ಟತೈತಿ?'
'ದಾರಿ ಕಡೆ.'
'ದಾವಾದಾಗ ಹಳ್ಳದ ಕಡೆ ಐತಲ್ಲ!'
ಕೋರ್ಟು ಹಾಲು ನಕ್ಕಿತು. ಹೊರಗೆ ನನ್ನ ಬೆರಳು
ಕೀಲಿಗಳ ಮೇಲೆ ಹಾಗೇ ನಿಂತವು.
ಆಕೆ ನನ್ನ ಹೆಸರು ಹೇಳಲಿಲ್ಲ.
'ಹೊತ್ತಿಗೆ ಓದಾಕ ಬರಂಗಿಲ್ರಿ' ಅಂದಳಂತೆ.

ಆಮೇಲೆ ತಿದ್ದುಪಡಿ ಅರ್ಜಿ. ಅದನ್ನೂ ನಾನೇ ಹೊಡೆದೆ,
ಆರನೇ ಆದೇಶ, ಹದಿನೇಳನೇ ನಿಯಮ,
ದುಡ್ಡು ಇಸಕೊಳ್ಳಲಿಲ್ಲ.
ಬೇಡಿಕೆ ಎರಡು: ದಿಕ್ಕು ಅದಲುಬದಲಾಗಲಿ;
ಮತ್ತೆ, ಹೊಲ ಆಕೆಯದೇ ಎಂದು ಘೋಷಣೆಯಾಗಲಿ.

ಆದೇಶ ಬಂದದ್ದು ಶ್ರಾವಣದಲ್ಲಿ, ಆರು ಪುಟ.
ದಿಕ್ಕು ಕೈತಪ್ಪು, ತಿದ್ದಬಹುದು, ಖರ್ಚು ಐದುನೂರು.
ಘೋಷಣೆ ಆಗದು.
ಹಕ್ಕನ್ನು ಅವರು ಅಲ್ಲಗಳೆದು ಆರು ವರ್ಷ, ಇದ್ದ ಅವಧಿ ಮೂರು;
ವಿಚಾರಣೆ ಶುರುವಾಗಿದೆ; ತಕ್ಕ ಎಚ್ಚರ ವಹಿಸಿದ್ದಕ್ಕೆ
ದಾಖಲೆಯಲ್ಲಿ ಏನೂ ಕಾಣುವುದಿಲ್ಲ.

ಎಚ್ಚರ!
ಏಳು ವರ್ಷ ಒಂದು ಮುದ್ದತ್ತೂ ತಪ್ಪಿಸದೆ
ತುರ್ವಿಹಾಳದ ದಾರಿಯಲ್ಲಿ ಮೊದಲ ಬಸ್ಸಿಗೆ ನಿಂತವಳ ಎಚ್ಚರ
ಯಾವ ಕಂಡಿಕೆಯಲ್ಲಿ ಹೊಡೆಯಬೇಕಿತ್ತು ನಾನು?

ಆಕೆ ಅರ್ಥ ಕೇಳಿದಳು. ಗಣಾಚಾರಿಯವರು
ನನ್ನ ಕಡೆ ಕೈ ತೋರಿಸಿ ಚಹಾಕ್ಕೆ ಹೋದರು.
ಹೇಳಿದೆ.
ಬಹಳ ಹೊತ್ತು ಆ ಆರು ಪುಟ ನೋಡುತ್ತಿದ್ದು,
'ದಿಕ್ಕು ಆಮ್ಯಾಲ ಹೇಳಿದ್ನಲ್ಲೋ ಅಣ್ಣ,
ನಂದು ಅಂತ ಮೊದಲ ಹೇಳಿದ್ದೆ.'

ಹೌದು. ಮೊದಲು ಅದನ್ನೇ ಹೇಳಿದ್ದಳು.

ತಿದ್ದಿ ಕೊಡಲು ಹದಿನಾಲ್ಕು ದಿನ.
ಆಕೆ ಬೆರಳ ಗೆಣ್ಣು ಎಣಿಸುತ್ತ ಕೂತಿದ್ದಾಳೆ,
ನಡುವೆ ಒಂದು ಅಮಾಸಿ ಬರುತ್ತದಲ್ಲ ಅಂತ.
ಇವತ್ತೇ ಆಗುತ್ತೆ ಎಂದು ಹೊಸ ಕಾರ್ಬನ್ನು ಹಚ್ಚಿದೆ.
ಪೂರ್ವಕ್ಕೆ: ಬಂಡಿದಾರಿ.
ಪಶ್ಚಿಮಕ್ಕೆ: ಹಳ್ಳ.
ಬಾಲ್‌ಪೆನ್ನು ತೆಗೆದು 'ಪೂರ್ವ'ಕ್ಕೆ ಕೊಂಡಿ ಹಾಕುವಾಗ
ಕೈ ಜರುಗಿ ಅದು ಉದ್ದವಾಯಿತು,
ಬಂಡಿದಾರಿ ದಾಟಿ, ಕಾಗದದ ಅಂಚಿನವರೆಗೆ.
ತಿದ್ದಲಿಲ್ಲ.