ಉಪ್ಪಿನ ಮೇಲಿನ ಹಡಗು

ಫಹಾಹೀಲಿನ ರದ್ದಿ ಅಂಗಡಿಯಲ್ಲಿ ಕಾಲು ದಿನಾರಿಗೆ ಸಿಕ್ಕಿತು.
ರಟ್ಟಿಲ್ಲ, ಬರೆದವನ ಹೆಸರಿಲ್ಲ,
ಕೊನೆಯ ಹಾಳೆಗಳನ್ನು ಯಾರೋ ಯಾವುದಕ್ಕೋ ಹರಿದಿದ್ದಾರೆ.
ಕಾಗದಕ್ಕೆ ಬೀಡಿಯೆಲೆಯ ಬಣ್ಣ.
ನೂರು ವರ್ಷ ಹಿಂದಿನ ಇಂಗ್ಲಿಷು,
ಒಂದು ವಾಕ್ಯ ಹೊರಟರೆ ನಿಲ್ದಾಣವೇ ಬರುವುದಿಲ್ಲ.

ಮೀನಾ ಅಬ್ದುಲ್ಲಾದಲ್ಲಿ ನನಗೆ ರಾತ್ರಿಪಾಳಿ.
ಕಡಲನೀರು ಒಳಬರುವ ಬಾಯಿ ಕಾಯುವ ಕೆಲಸ:
ಜಾಲರಿಗೆ ಅಂಬಲಿಮೀನು ಕಟ್ಟಿತೇ ನೋಡು,
ಗಂಟೆಗೊಮ್ಮೆ ಮುಳ್ಳು ಎಲ್ಲಿದೆ ಬರೆ.
ದೀಪ ಬೇಡ. ಆಚೆ ರಿಫೈನರಿಯ
ಚಿಮಣಿಯ ತುದಿಯಲ್ಲಿ ಉರಿಯುವ ಬೆಂಕಿಗೇ
ಅಕ್ಷರ ಕಾಣುತ್ತದೆ, ಸ್ವಲ್ಪ ನಡುಗುತ್ತದೆ.

ಹೀಗೆ, ಎಣಿಸಲಾರದಷ್ಟು ಹಿಂದಿನ ಬಿಸಿಲು
ಎಣ್ಣೆಯಾಗಿ ಮೇಲೆ ಬಂದು ಉರಿಯುವ ಬೆಳಕಲ್ಲಿ
ಎಣಿಸಲಾರದಷ್ಟು ಮುಂದೆ
ಬಿಸಿಲು ಮುಗಿದುಹೋದ ಕತೆ ಓದಿದೆ.

ಸೂರ್ಯ ಆರಿದ್ದಾನೆ. ಕಡಲು ಬತ್ತಿ ಉಪ್ಪಿನ ಬಯಲು.
ಅದರ ಮೇಲೆ ವಾಲಿ ನಿಂತ ಹಡಗೊಂದರಲ್ಲಿ
ಉಳಿದ ಮನುಷ್ಯರೆಲ್ಲ ಇದ್ದಾರೆ.
ಮುನ್ನೂರು ಅಟ್ಟ. ಕಿಟಕಿಗಳಿಗೆ ಸೀಸ ಹೊಯ್ದಿದೆ.
ತಲೆಮಾರಿಗೊಮ್ಮೆ, ಹೊರಗಿನಿಂದ,
ಹಡಗಿನ ಪಕ್ಕೆಗೆ ಯಾರೋ ಬಡಿಯುತ್ತಾರೆ.
ಮೂರು ಸಲ.
ಅದನ್ನು ಬರೆದಿಡಲೆಂದೇ ಒಬ್ಬ ಗುಮಾಸ್ತನಿದ್ದಾನೆ.
ಹುಟ್ಟಿ, ಕಾದು, ಕೇಳದೆಯೇ ಸತ್ತ
ಗುಮಾಸ್ತರ ಹೆಸರುಗಳೇ ಎರಡು ಪುಟ.

ಎರಡು ಗಂಟೆಗೆ ಮಯ್ಯದ್ದಿ ಕಾಕ ಫ್ಲಾಸ್ಕು ತಂದರು.
ಕ್ಯಾಂಪಿನ ಅಡುಗೆಯವರು, ಉಳ್ಳಾಲದ ಕಡೆಯವರು,
ನನ್ನಪ್ಪ ಶಾಲೆಗೆ ಹೋಗುವ ಕಾಲಕ್ಕೇ ಇಲ್ಲಿಗೆ ಬಂದವರು.
ಕತೆ ಹೇಳು ಅಂದರು. ಹೇಳಿದೆ.
ಸುಲೈಮಾನಿಗೆ ಲಿಂಬೆ ಹಿಂಡುತ್ತ ಕೇಳಿದರು:
"ಆ ಹಡಗಲ್ಲಿ ಅನ್ನ ಬೇಯಿಸುವವ ಯಾರು ಮಾರಾಯ?"

ಹುಡುಕಿದೆ. ಕತ್ತಿ ಹಿಡಿದ ನಾಯಕನಿದ್ದಾನೆ,
ಅವನಿಗಾಗಿ ಅಳಲು ಒಬ್ಬ ಹೆಣ್ಣು,
ಸತ್ತ ನಕ್ಷತ್ರಗಳ ಲೆಕ್ಕ ಇಡುವ ಮುದುಕರು.
ಒಲೆ ಎಲ್ಲೂ ಇಲ್ಲ.

"ಹಾಗಾದರೆ ಹದಿನೈದನೇ ದಿನಕ್ಕೆ ಎಲ್ಲ ಸತ್ತಿರಬೇಕು.
ನಿನ್ನ ಪುಸ್ತಕದವನಿಗೆ ಹಸಿವು ಗೊತ್ತಿಲ್ಲ.
ಕತ್ತಲೆ? ಕತ್ತಲೆ ಸ್ವಲ್ಪ ಗೊತ್ತು."

ಆಮೇಲೆ ತೊಂಬತ್ತೊಂದರ ಮಾರ್ಚು.
ಅಹ್ಮದಿಯ ಬಾವಿಗಳೆಲ್ಲ ಉರಿಯುವಾಗ
ನಡುಮಧ್ಯಾಹ್ನ ಕಾರಿಗೆ ಹೆಡ್‌ಲೈಟು ಹಾಕಿದ್ದು.
ಬಿಳಿ ಬೆಕ್ಕು ಕರಿದಾಗಿ ಬಂದು
ಗುರುತು ಹೇಳಲು ಕಾಲು ನೆಕ್ಕಿದ್ದು.
ಗಂಜಿಯ ಮೇಲೆ ಮಸಿಯ ಕೆನೆ, ಬೆರಳಲ್ಲಿ ಸರಿಸಿ ಉಂಡದ್ದು.
ಯಾವ ಹೊತ್ತಿನ ಬಾಂಗೆಂದು ಆಕಾಶವನ್ನು ಕೇಳುವಂತಿಲ್ಲ,
ಗಡಿಯಾರವನ್ನೇ ನಂಬಬೇಕು.
"ಪ್ರಳಯ ಅಂತ ಯಾರೂ ಅನ್ನಲಿಲ್ಲ.
ಅಕ್ಕಿ ಎಷ್ಟಿದೆ ಅಂತ ಕೇಳಿದರು."

ನಾನು ನಕ್ಕೆ. ಅವರು ನಗಲಿಲ್ಲ.
"ಆ ಬಡಿತ," ಅಂದರು, "ಮೂರು ಸಲ ಅಂದೆಯಲ್ಲ?"

ಅದಕ್ಕೂ ಮೊದಲಿನ ಸೆಪ್ಟೆಂಬರು. ಬೀದಿಯಲ್ಲಿ ಟ್ಯಾಂಕು.
ಅಡುಗೆಕೋಣೆಯ ಹಿಂಬಾಗಿಲಿಗೆ ಯಾರೋ.
ಅಂಗೈಯಿಂದ ಬಡಿದ ಸದ್ದು, ಮುಷ್ಟಿಯದಲ್ಲ.
ಒಳಗೆ ಹನ್ನೊಂದು ಮಂದಿ, ಅರ್ಧ ಚೀಲ ಬೇಳೆ.
ಗ್ಯಾಸು ಆರಿಸಿ ಉಸಿರು ಹಿಡಿದು ಕೂತರು.
"ಬೆಳಿಗ್ಗೆ ಹೊಸ್ತಿಲಲ್ಲಿ ಒಂದು ಚಪ್ಪಲಿ.
ಎಡಗಾಲಿದು.
ಸಣ್ಣದು."

ಲೋಟ ತೊಳೆದು, ಫ್ಲಾಸ್ಕಿನ ಮುಚ್ಚಳ ಬಿಗಿದು, ಹೋದರು.

ಪುಸ್ತಕ ನಿಂತದ್ದೂ ಅಲ್ಲೇ:
ಗುಮಾಸ್ತ ಗೋಡೆಗೆ ಕಿವಿಯಿಟ್ಟಿದ್ದಾನೆ,
ಅಗುಳಿಯ ಮೇಲೆ ಅವನ ಕೈ,
ಮತ್ತೆ ಹರಿದ ಅಂಚು.

ದೂರದಲ್ಲಿ, ತುಂಬಿಸಿಕೊಳ್ಳಲು ಕಾದ ಟ್ಯಾಂಕರುಗಳು
ಕದಲದೆ, ದೀಪ ಹೊತ್ತು.
ಅವು ನೀರಿನ ಮೇಲೇ ಇವೆಯೆಂದು
ಕತ್ತಲಲ್ಲಿ ಆಣೆ ಮಾಡಿ ಹೇಳಲಾರೆ.
ಜಾಲರಿಗೆ ಏನೋ ಬಂದು ತಾಗಿತು.
ಎದ್ದು ಹೋಗಿ ನೋಡಿದೆ. ಅಂಬಲಿಮೀನು.
ಕೂತವನು ಎದ್ದು
ಇನ್ನೊಮ್ಮೆ ನೋಡಿದೆ.

ಧೂಳಿನೊಳಗಿಂದ ಕೆಂಪಗೆ, ಬಳಲಿದವನ ಹಾಗೆ
ಕಡಲ ಕಡೆಯಿಂದ ಎದ್ದು ಬಂದಾಗ
ಪಾಳಿಯ ಪುಸ್ತಕದಲ್ಲಿ, ಮುಳ್ಳಿನ ಲೆಕ್ಕದ ಕೆಳಗೆ,
ಯಾರೂ ಕೇಳದ ಒಂದು ಸಾಲು ಬರೆದೆ:
ನಾಲ್ಕು ಐವತ್ತೆರಡು. ಸೂರ್ಯ ಇದ್ದಾನೆ.