ಏಣಿಯ ಕಾಲಂ

ಈ ತೋಟದಲ್ಲಿ ನನ್ನನ್ನು ರೈಟರ್ ಅನ್ನುತ್ತಾರೆ.
ಬರೆಯುವುದು ಇಷ್ಟೇ: ಯಾರು ಬಂದರು, ಎಷ್ಟು ಕಿಲೋ,
ಯಾರು ಏಣಿ, ಯಾರು ನೆಲ.

ಏಣಿ ಗಂಡಸರದ್ದು. ಒಂಟಿ ಬಿದಿರು,
ಸಿಲ್ವರ್ ಓಕಿನ ಮೈಗೆ ಆನಿಸಿ, ಮೂವತ್ತಡಿ ಮೇಲೆ ಮೆಣಸು.
ಉದುರಿದ ಕಾಳು ಹೆಕ್ಕುವುದು ಹೆಂಗಸರದ್ದು.
ನಡುವೆ ನೂರ ಎಂಬತ್ತು ರೂಪಾಯಿ.

ಫೆಬ್ರವರಿಯಲ್ಲಿ ಬೊಳ್ಕ ಕೆಮ್ಮಿ ಕೆಮ್ಮಿ ಮಲಗಿದ.
ಅವನ ಹೆಂಡತಿ ಚುಬ್ಬಿ ನನ್ನ ಮೇಜಿನೆದುರು ಬಂದು ನಿಂತಳು.
'ಅವನ ಹೆಸರು ಬರಿ. ಹತ್ತೋದು ನಾನು.'
ಬರೆದೆ.

ಸೀರೆಯ ಮೇಲೆ ಗಂಡನ ಶರ್ಟು, ಸೊಂಟಕ್ಕೆ ಗೋಣಿಚೀಲ.
ಹನ್ನೊಂದು ದಿನ ಬೊಳ್ಕನಾಗಿ ಹತ್ತಿದಳು,
ಚುಬ್ಬಿಯಾಗಿ ಇಳಿದು ಗಂಜಿ ಬೇಯಿಸಿದಳು.
ಅವನಿಗಿಂತ ದಿನಕ್ಕೆರಡು ಕಿಲೋ ಹೆಚ್ಚೇ.
ಹನ್ನೆರಡನೆಯ ದಿನ ಇಬ್ಬನಿ.

ಬೀಳುವಾಗ ಕೂಗಲಿಲ್ಲ.
ಚೀಲದ ಮೆಣಸು ಮಾತ್ರ ತರಗೆಲೆಯ ಮೇಲೆ ಮಳೆಯಂತೆ ಸದ್ದು ಮಾಡಿತು.
ನೆಲದ ಹೆಂಗಸರು ಓಡಿ ಬಂದರು. ಒಬ್ಬಳು
ಆ ಓಟದಲ್ಲೂ ಕಾಳು ತುಳಿಯದಂತೆ ಹೆಜ್ಜೆ ಬದಲಿಸಿದಳು.
ಅದನ್ನೂ ನೋಡಿದೆ.

ಪುಸ್ತಕದಲ್ಲಿ ಬಿದ್ದವನು ಬೊಳ್ಕ.
ವಿರಾಜಪೇಟೆಯ ಆಫೀಸಿನಲ್ಲಿ ಅವನನ್ನು ನಿಲ್ಲಿಸಿ ನೋಡಿದರು:
ಕಾಲು ನೆಟ್ಟಗಿದೆಯಲ್ಲ.
ಅವಳನ್ನು ನೋಡಿದರು: ಹೆಂಗಸು ಏಣಿ ಹತ್ತುವುದುಂಟೆ?
ಎರವರೆಂದರೆ ಆ ಕಿಟಕಿ. ಆ ಕಿಟಕಿಯಲ್ಲಿ, ಇದು ಕೂಲಿಯವರ ವಿಷಯ.
ಕೂಲಿಯವರ ಕಿಟಕಿಯಲ್ಲಿ, ವಿಳಾಸ ಎಲ್ಲಿ?
ವಿಳಾಸ ಲೈನ್ ಮನೆ, ಏಳನೇ ಬಾಗಿಲು. ಬಾಗಿಲು ತೋಟದವರದ್ದು,
ದುಡಿಯಲಾಗದವಳಿಗೆ ತಿಂಗಳ ಕೊನೆವರೆಗೆ ಮಾತ್ರ.
ಅಂಗವಿಕಲರ ಕಿಟಕಿ ಮಹಡಿಯ ಮೇಲೆ.
ಇಪ್ಪತ್ತೆರಡು ಮೆಟ್ಟಿಲು.
ಕೆಮ್ಮುತ್ತಲೇ ಬೊಳ್ಕ ಹೊತ್ತುಕೊಂಡ, ಒಂದು ತೋಳು ನಾನು ಹಿಡಿದೆ.
ಮೇಲೆ ಊಟದ ಹೊತ್ತು.

ನನ್ನದೂ ಹೇಳಿಬಿಡುತ್ತೇನೆ.
ಹಿಂದಿನ ರೈಟರ್ ಉತ್ತಪ್ಪನವರಿಗೆ ಇಪ್ಪತ್ತು ಸಾವಿರ, ಇರಲು ಕ್ವಾರ್ಟರ್ಸು.
ನನಗೆ ಹನ್ನೆರಡು. ನೆಲ್ಯಹುದಿಕೇರಿಯ ಮನೆಯನ್ನು ಹೊಳೆ ಒಯ್ದ ಮೇಲೆ
ಬಾಡಿಗೆಯ ಶೀಟಿನ ಮನೆ.
ಮ್ಯಾನೇಜರ್ ಬಾಯಲ್ಲಿ ನಾನು ಸುಹರಾ ಅಲ್ಲ, 'ನಿಮ್ಮವರು'.
ಒಬ್ಬಳೇ ನಿಂತಿದ್ದರೂ ಬಹುವಚನ.

ಆದರೂ ನನ್ನ ಕೋಣೆಯಲ್ಲಿ ಎರಡು ಕುರ್ಚಿ ಇವೆ.
ಚುಬ್ಬಿ ಎಂದೂ ಕೂತವಳಲ್ಲ,
ನಾನು ಕೂರೆಂದವಳಲ್ಲ.

ಮೊನ್ನೆ ಬಂದಳು, ಕೋಲು ಊರಿಕೊಂಡು, ಬಾಗಿಲಲ್ಲೇ.
ಸಾಕ್ಷಿ ಹೇಳು ಅನ್ನಲಿಲ್ಲ, ದುಡ್ಡು ಅನ್ನಲಿಲ್ಲ.
'ಆ ಹನ್ನೊಂದು ದಿನ ಇದೆಯಲ್ಲ ಅಮ್ಮಾ,
ಅಲ್ಲಿ ನನ್ನ ಹೆಸರು ಹಾಕು. ಹತ್ತಿದ್ದು ನಾನು.'
ಕಾಲಂ ಇಲ್ಲ, ಅಂದೆ. ಅಚ್ಚು ಹಾಕಿಸಿದ ಪುಸ್ತಕ:
ಏಣಿಯ ಕೆಳಗೆ ಗಂ., ನೆಲದ ಕೆಳಗೆ ಹೆಂ.
'ಗೆರೆ ಎಳೆಯಕ್ಕೆ ಬರಲ್ವಾ ನಿನಗೆ?'
ಎಂದು ನಿಜಕ್ಕೂ ಗೊತ್ತಿಲ್ಲದವಳಂತೆ ಕೇಳಿದಳು.

ನಾಳೆ ಬಟವಾಡೆ. ಪುಟ ಬಿಚ್ಚಿದೆ.
ಅಂಚಿನಲ್ಲಿ ಸ್ಕೇಲಿಟ್ಟು ಒಂದು ಗೆರೆ ಎಳೆದಿದ್ದೇನೆ.
ಅದರ ಆಚೆ ಒಂದು ಹೆಸರಿನಷ್ಟು ಬಿಳಿ.
ಕೈಯಿದೆ, ಪೆನ್ನಿದೆ.
ಐದನೇ ತಾರೀಖಿಗೆ ಬಾಡಿಗೆಯೂ ಇದೆ.