ಸಾಧ್ಯತ ಪೂಜ್ಯಮಲ್ಲ

ಪೈವಳಿಕೆಯ ಹೈಸ್ಕೂಲಿಗೆ ಆ ವರ್ಷ ವಿಜ್ಞಾನಕ್ಕೆ
ಪಯ್ಯನ್ನೂರಿನ ಪ್ರಸೀತಾ ಟೀಚರ್ ಬಂದರು.
ಅವರಿಗೆ ಕನ್ನಡ ಬಾರದು,
ನಮ್ಮ ಮಲಯಾಳ ಬಸ್ಸಿನ ಬೋರ್ಡಿನಷ್ಟು.
ಗೇಟಿನ ಹೊರಗೆ ರಕ್ಷಕರು ಅರ್ಜಿ ಹಿಡಿದು ನಿಂತಿದ್ದರು,
ಅದರಲ್ಲಿ ನನ್ನ ಅಪ್ಪನ ಸಹಿಯೂ ಉಂಟು.
ಅರ್ಜಿ ತಪ್ಪಲ್ಲ.

ಒಂದು ಮಧ್ಯಾಹ್ನ ಪಾಠದಲ್ಲಿಲ್ಲದ್ದನ್ನೇನೋ ಹೇಳಲು ಹೊರಟರು.
ಬೋರ್ಡಿನಲ್ಲೊಂದು ಗೋಡೆ. ಎಡಕ್ಕೊಂದು ಚುಕ್ಕೆ.
‘ಕಣಂ’ ಅಂದರು. ಕಣ. ಸರಿ, ಬಂತು.
‘ತರಂಗಂ’. ಅದೂ ಬಂತು, ಬಾಲಕ್ಕೊಂದು ಸೊನ್ನೆ ಕಟ್ಟಿಕೊಂಡು.
ಆಮೇಲೆ ಡಸ್ಟರಿನಿಂದ ಗೋಡೆಗೆ ಕುಟ್ಟಿ
‘ಮತಿಲ್, ಮತಿಲ್’ ಅಂದರು.
ಹಿಂದಿನ ಬೆಂಚಿನ ಸಿರಿಲ್ ಕ್ರಾಸ್ತಾ ಕಿವಿಯವರೆಗೆ ಕೆಂಪಾದ:
‘ಮತಿಯಿಲ್ಲ ಅಂತ ಬೈಯ್ತಾರೆ ಮಾರಾಯ್ತಿ, ನಮಗೆ!’
ಮಿಕ್ಕದ್ದೆಲ್ಲ ದಾಟಿತ್ತು.
ಗೋಡೆ ಎನ್ನುವ ಮಾತೊಂದೇ
ಗೋಡೆಗೆ ತಾಗಿ ಆಚೆಗೇ ಬಿತ್ತು.

ಟೀಚರ್ ಮಾತು ನಿಲ್ಲಿಸಿದರು. ಸೀಮೆಸುಣ್ಣದಲ್ಲಿ ಅಲೆ ಎಳೆದರು:
ಈಚೆ ಎತ್ತರ, ಗೋಡೆಯೊಳಗೆ ಹೊಕ್ಕಂತೆ
ಸೋಲುತ್ತ, ಸೋಲುತ್ತ,
ಆರಿತು ಇನ್ನು ಎನ್ನುವಾಗ
ಆಚೆ ಬದಿಯಲ್ಲಿ ಮತ್ತೆ, ಇರುವೆ ಸಾಲಿನಷ್ಟು ಸಣ್ಣಕೆ.
ಗೋಡೆ ಒಡೆದಿಲ್ಲ. ಯಾರೂ ಹತ್ತಿಲ್ಲ.
ಬಾಯಾರಿನ ಗುಡ್ಡದಲ್ಲಿ ನೀರಿಗೆ ಕೊರೆಯುತ್ತಾರಲ್ಲ,
ಅಂಥ ಸುರಂಗವೂ ಅಲ್ಲ.
‘ಸಾಧ್ಯತ’ ಅಂದರು, ಬೆರಳೆತ್ತಿ, ‘ಪೂಜ್ಯಮಲ್ಲ.’

ಬರೆದುಕೊಂಡೆ: ಸಾಧ್ಯತೆ ಪೂಜಿಸತಕ್ಕದ್ದಲ್ಲ.
ಒಳ್ಳೆಯ ಮಾತೆನಿಸಿ ಅಡಿಗೆ ಗೀಟನ್ನೂ ಹಾಕಿದೆ.

ಸಂಜೆ ರೇಷನ್ ಅಂಗಡಿಯ ದೂಮಣ್ಣ ರೈಗಳು ಅದನ್ನೋದಿ
ಸೀಮೆಎಣ್ಣೆಯ ಅಳತೆ ಕೆಳಗಿಟ್ಟು ನಕ್ಕರು:
‘ಪೂಜ್ಯ ಅಂದ್ರೆ ಸೊನ್ನೆ, ಮಗಾ.
ಸೊನ್ನೆ ಅಲ್ಲ ಅಂದದ್ದು ಅವರು.
ನಮ್ಮ ಹಳೇ ಕನ್ನಡ ಲೆಕ್ಕದಲ್ಲೂ ಹಾಗೇ ಇತ್ತು. ಮರೆತದ್ದು ನೀವು.’
ಅಂದರೆ ಆ ಶಬ್ದ ಮೊದಲೇ ಈಚೆಗಿತ್ತು.
ಯಾವಾಗ ದಾಟಿತೋ, ಯಾವ ಕಡೆಯಿಂದಲೋ.

ಈಗ ಉಪ್ಪಳದ ಬಸ್‌ಸ್ಟ್ಯಾಂಡಿನೆದುರು ನನ್ನದೊಂದು ಎಂಟಡಿ ಅಂಗಡಿ:
ಸತ್ತ ಫೋನು, ನೆನಪು ಹೋದ ಕಾರ್ಡು, ಪೆನ್‌ಡ್ರೈವು.
ಚಿಪ್ಪನ್ನು ಭೂತಗನ್ನಡಿಯಡಿ ಇಟ್ಟಾಗೆಲ್ಲ ಆ ಗೋಡೆ ನೆನಪು.
ಇದೂ ಒಂದು ಗೋಡೆಯೇ, ಗಾಜಿನಂಥ ಪೊರೆ,
ಕೂದಲನ್ನು ಹತ್ತು ಸಾವಿರ ಸೀಳು ಮಾಡಿದರೆ ಒಂದು ಸೀಳಿನಷ್ಟು.
ಅದರೊಳಗೆ ಎಲೆಕ್ಟ್ರಾನುಗಳು.
ಬಾಗಿಲಿಂದ ಹೋದವಲ್ಲ, ಬಾಗಿಲೇ ಇಲ್ಲ.
ಒತ್ತಿದರೆ ಹೊಗುತ್ತವೆ. ಬಿಟ್ಟರೆ ಅಲ್ಲೇ ಕೂರುತ್ತವೆ
ಹತ್ತು ವರ್ಷ, ಕರೆಂಟಿಲ್ಲದೆ,
ಯಾರದೋ ನಿಖಾದ ವೀಡಿಯೋ ಆಗಿ,
ಬಂದ್ಯೋಡಿನ ಮೊಯ್ದುಂಞಿಯವರ ಮೀನಿನ ಬಾಕಿ ಆಗಿ.
ಗೋಡೆ ದಪ್ಪವಾದರೆ ಏನನ್ನೂ ಬರೆಯಲಾಗದು,
ತೆಳುವಾದರೆ ಬರೆದದ್ದು ನಿಲ್ಲದು.
ಬರೆದು, ಅಳಿಸಿ, ಮತ್ತೆ ಬರೆದು
ಪೊರೆಯೇ ಸವೆಯುವುದೂ ಉಂಟು. ಆಗ ನನ್ನಿಂದಲೂ ಆಗದು.
‘ದುಡ್ಡು ಬೇಡ’ ಎಂದು ಕಾರ್ಡು ಹಿಂದೆ ಕೊಡುತ್ತೇನೆ,
ಅವರು ಅದನ್ನು ಮತ್ತೆ ಪರ್ಸಿನೊಳಗೇ ಇಡುತ್ತಾರೆ.

ಸೂರ್ಯನದ್ದೂ ಇದೇ ಕಥೆಯಂತೆ, ಮೊನ್ನೆ ಓದಿದೆ.
ಅಷ್ಟು ಸೆಕೆಯಿದ್ದರೂ ಅವನ ಹೊಟ್ಟೆಯಲ್ಲಿ
ಕಣ ಕಣವನ್ನು ದೂಡುತ್ತಲೇ ಇರುತ್ತದೆ,
ಹತ್ತಿರ ಸೇರಿಸಲು ಆ ಸೆಕೆ ಸಾಲದು.
ಎಲ್ಲೋ ಒಂದು ಜೋಡಿ, ಅಪರೂಪಕ್ಕೆ, ನುಸುಳಿಬಿಡುತ್ತದೆ.
ಅಷ್ಟಕ್ಕೇ ಮುಸೋಡಿಯ ಕಡಪ್ಪುರದಲ್ಲಿ
ಬಂಗುಡೆ ಒಣಗುತ್ತದೆ,
ಕಾಗೆ ಓಡಿಸುವ ಹುಡುಗನ ನೆತ್ತಿ ಸುಡುತ್ತದೆ.

ಓಣಂ ರಜೆ ಮುಗಿಯುವಾಗ ಅರ್ಜಿ ಗೆದ್ದಿತ್ತು.
ಕೊನೆಯ ದಿನ ಟೀಚರ್ ಅದೇ ಚಿತ್ರ ಬರೆದರು,
ಪಾಠವಿಲ್ಲ, ಮಾತಿಲ್ಲ.
ಗೋಡೆಯ ಮೇಲೆ, ನಿಧಾನಕ್ಕೆ, ನಮ್ಮ ಅಕ್ಷರದಲ್ಲಿ
‘ಗೊಡೆ’ ಎಂದು.
ದೀರ್ಘ ಬಿಟ್ಟುಹೋಗಿತ್ತು.
ಸಿರಿಲ್ ಕೂಡ ತಿದ್ದಲಿಲ್ಲ.